‘ಕೋವಿಡ್ ಬ್ಯಾಚ್’ ಹುಡುಗನೂ 1919ರ ಕಪ್ಪೂ

ಕಳೆದ ಸೆಮಿಸ್ಟರ್‌ನಲ್ಲಿ ನಮ್ಮ ಕಾಲೇಜಿಗೆ ಒಂದು ಕಂಪನಿಯವರು ಇಂಟರ್ನ್‌ಶಿಪ್‌ಗೆ ಹುಡುಗರನ್ನು ಆರಿಸಲು ಬಂದಿದ್ದರು. ಇಸ್ತ್ರಿ ಮಾಡಿದ ಅಂಗಿ, ರೂಮ್‌ಮೇಟ್‌ನಿಂದ ಇಸಿದುಕೊಂಡ ಶೂ, ಕೈಯಲ್ಲಿ ನೀಲಿ ಫೈಲು. ನನ್ನ ಸರದಿ ಬಂದಾಗ ಮಧ್ಯಾಹ್ನ ಎರಡು ಗಂಟೆ. ಮೇಜಿನ ಆಚೆ ಕೂತಿದ್ದವರು ನನ್ನ ರೆಸ್ಯೂಮೆ ಮೇಲೆ ಬೆರಳಾಡಿಸುತ್ತಾ ಒಂದು ಸಾಲಿಗೆ ಬಂದು ನಿಂತರು.

‘2021ರ ಪಿಯುಸಿ? ಓ, ಕೋವಿಡ್ ಬ್ಯಾಚ್! ಪರೀಕ್ಷೆ ಬರೆಯದೇ ಪಾಸಾದವರು’ ಎಂದು ನಕ್ಕರು. ಪಕ್ಕದವರೂ ನಕ್ಕರು. ನಾನೂ ನಕ್ಕೆ.

ಕೆಲಸ ಸಿಗಲಿಲ್ಲ. ಅದಕ್ಕೆ ಆ ಮಾತೇ ಕಾರಣ ಎಂದು ಹೇಳುವುದಿಲ್ಲ, ಮುಂದೆ ಕೇಳಿದ ಎರಡು ಪ್ರಶ್ನೆಗಳಿಗೆ ನಾನು ಸರಿಯಾಗಿ ಉತ್ತರಿಸಿರಲಿಲ್ಲ. ಆದರೆ ಹಾಸ್ಟೆಲ್‌ಗೆ ಮರಳಿದ ಮೇಲೆ ನನ್ನನ್ನು ಕಾಡಿದ್ದು ಆ ಎರಡು ಪ್ರಶ್ನೆಗಳಲ್ಲ, ನನ್ನ ನಗು. ಅವರು ನಕ್ಕಿದ್ದು ಸರಿ, ಅವರಿಗೆ ಗೊತ್ತಿಲ್ಲ. ನಾನು ಯಾಕೆ ನಕ್ಕೆ?

ಈ ಪ್ರಶ್ನೆಗೆ ಉತ್ತರ ಸಿಕ್ಕಿದ್ದು ವಿಚಿತ್ರವಾದ ಜಾಗದಲ್ಲಿ. ನೂರು ವರ್ಷಕ್ಕೂ ಹಿಂದೆ, ನಾನು ಎಂದೂ ನೋಡದ ಊರಲ್ಲಿ, ನಾನು ಎಂದೂ ಆಡದ ಆಟದಲ್ಲಿ.

ಐಸ್ ಹುಡುಕುತ್ತಾ ಹೋದಾಗ

ನಾನು ಬಿಇ ಮೂರನೇ ವರ್ಷ, ಮೆಕ್ಯಾನಿಕಲ್. ವಯಸ್ಸು 20. ಊರು ತಿಪಟೂರಿನ ಹತ್ತಿರದ ಒಂದು ಹಳ್ಳಿ. ಆ ಸಂದರ್ಶನದ ಮುಂದಿನ ವಾರವೇ ನನ್ನ ಸೆಮಿನಾರ್ ಇತ್ತು. ವಿಷಯ ರೆಫ್ರಿಜರೇಷನ್. ಎಲ್ಲರೂ ಫ್ರಿಜ್, ಎಸಿ, ಕೋಲ್ಡ್ ಸ್ಟೋರೇಜ್ ಎಂದು ಹೇಳುತ್ತಾರೆ, ಬೇರೆ ಏನಾದರೂ ಉದಾಹರಣೆ ತಾ ಎಂದು ಮೇಡಂ ಹೇಳಿದ್ದರು. ನಾನು ಕೃತಕ ಐಸ್ ಅಂಗಳವನ್ನು ಆರಿಸಿಕೊಂಡೆ.

ಅದರ ತತ್ವ ಸುಲಭ. ಅಮೋನಿಯಾದಂಥ ದ್ರವ ಆವಿಯಾಗುವಾಗ ಸುತ್ತಲಿನ ಶಾಖವನ್ನು ಎಳೆದುಕೊಳ್ಳುತ್ತದೆ. ಅದರಿಂದ ಉಪ್ಪುನೀರನ್ನು ತಣ್ಣಗೆ ಮಾಡುತ್ತಾರೆ. ಉಪ್ಪು ಬೆರೆತ ನೀರು ಸೊನ್ನೆ ಡಿಗ್ರಿಗಿಂತ ಕೆಳಗೆ ಹೋದರೂ ಹೆಪ್ಪುಗಟ್ಟುವುದಿಲ್ಲ. ಅದನ್ನು ನೆಲದಡಿಯ ಕೊಳವೆಗಳಲ್ಲಿ ಹರಿಸಿದರೆ ಮೇಲೆ ಸುರಿದ ಸಾದಾ ನೀರು ಗಟ್ಟಿಯಾಗುತ್ತದೆ. ಹೊರಗೆ ಬಿಸಿಲಿದ್ದರೂ ಒಳಗೆ ಮಂಜಿನ ಅಂಗಳ.

ಕೆನಡಾದಲ್ಲಿ ಇದನ್ನು ಮೊದಲು ದೊಡ್ಡದಾಗಿ ಮಾಡಿದವರು ಯಾರು ಎಂದು ಹುಡುಕಿದಾಗ ಪ್ಯಾಟ್ರಿಕ್ ಸಹೋದರರು ಸಿಕ್ಕರು. ಲೆಸ್ಟರ್ ಮತ್ತು ಫ್ರಾಂಕ್. ಇಬ್ಬರೂ ಐಸ್ ಹಾಕಿ ಆಟಗಾರರು. ಕೆನಡಾದ ಪೂರ್ವ ಭಾಗದಲ್ಲಿ ಚಳಿಗಾಲದಲ್ಲಿ ಕೆರೆ ಕೊಳಗಳೆಲ್ಲ ಹೆಪ್ಪುಗಟ್ಟುತ್ತವೆ, ಅಲ್ಲಿ ಆಟಕ್ಕೆ ತೊಂದರೆ ಇಲ್ಲ. ಆದರೆ ಪಶ್ಚಿಮದ ಪೆಸಿಫಿಕ್ ಕರಾವಳಿಯಲ್ಲಿ ಚಳಿ ಅಷ್ಟಿಲ್ಲ, ಮಳೆಯೇ ಹೆಚ್ಚು. ಈ ಸಹೋದರರ ತಂದೆ ಮರದ ವ್ಯಾಪಾರ ಮಾಡುತ್ತಿದ್ದರು. ಆ ವ್ಯಾಪಾರ ಮಾರಿ ಬಂದ ಹಣದಲ್ಲಿ ವಿಕ್ಟೋರಿಯಾ ಮತ್ತು ವ್ಯಾಂಕೂವರ್ ನಗರಗಳಲ್ಲಿ ಕೃತಕ ಐಸ್ ಅಂಗಳ ಕಟ್ಟಿದರು. 1911ರಲ್ಲಿ ಪೆಸಿಫಿಕ್ ಕೋಸ್ಟ್ ಹಾಕಿ ಅಸೋಸಿಯೇಷನ್ ಎಂಬ ಹೊಸ ಲೀಗ್ ಆರಂಭವಾಯಿತು. ಪೂರ್ವದ ಒಳ್ಳೊಳ್ಳೆಯ ಆಟಗಾರರನ್ನು ಹೆಚ್ಚು ಸಂಬಳ ಕೊಟ್ಟು ಕರೆತಂದರು. ಈಗಿನ ಐಪಿಎಲ್ ನೋಡಿ ಬೆಳೆದ ನಮಗೆ ಇದೇನೂ ಹೊಸದಲ್ಲ, ಆದರೆ ವೃತ್ತಿಪರ ಐಸ್ ಹಾಕಿ ಆಗಿನ್ನೂ ಕಣ್ಣು ಬಿಡುತ್ತಿತ್ತು.

1915ರಲ್ಲಿ ಅಮೆರಿಕದ ಸಿಯಾಟಲ್ ನಗರದಲ್ಲೂ ಅಂಥದೇ ಅಂಗಳ ಆಯಿತು. ಸಿಯಾಟಲ್ ಮೆಟ್ರೊಪಾಲಿಟನ್ಸ್ ಎಂಬ ತಂಡ ಹುಟ್ಟಿತು. ಎರಡೇ ವರ್ಷದಲ್ಲಿ, 1917ರಲ್ಲಿ, ಈ ತಂಡ ಮಾಂಟ್ರಿಯಲ್ ಕನೇಡಿಯನ್ಸ್ ತಂಡವನ್ನು ಸೋಲಿಸಿ ಸ್ಟ್ಯಾನ್ಲಿ ಕಪ್ ಗೆದ್ದಿತು. ಅಮೆರಿಕದ ತಂಡವೊಂದು ಆ ಕಪ್ ಗೆದ್ದದ್ದು ಅದೇ ಮೊದಲು.

ಸ್ಟ್ಯಾನ್ಲಿ ಕಪ್ ಎಂದರೆ ಐಸ್ ಹಾಕಿಯ ಅತಿ ದೊಡ್ಡ ಬಹುಮಾನ. ಕೆನಡಾದ ಗವರ್ನರ್ ಜನರಲ್ ಆಗಿದ್ದ ಲಾರ್ಡ್ ಸ್ಟ್ಯಾನ್ಲಿ 1892ರಲ್ಲಿ ಕೊಟ್ಟ ಬೆಳ್ಳಿಯ ಬಟ್ಟಲು. 1893ರಿಂದ ಅದಕ್ಕಾಗಿ ತಂಡಗಳು ಸೆಣಸುತ್ತಿವೆ. ಗೆದ್ದವರ ಹೆಸರನ್ನು ಕಪ್ಪಿನ ಮೇಲೆ ಕೆತ್ತುತ್ತಾರೆ. ಹೆಸರು ಹೆಚ್ಚಾದಂತೆ ಅಡಿಯಲ್ಲಿ ಬೆಳ್ಳಿಯ ಪಟ್ಟಿಗಳು ಸೇರುತ್ತಾ ಹೋಗಿ ಬಟ್ಟಲು ಈಗ ಎತ್ತರದ ಸ್ತಂಭದಂತೆ ಆಗಿದೆ.

ಆ ಪಟ್ಟಿಗಳ ಚಿತ್ರ ನೋಡುತ್ತಿದ್ದಾಗ ಒಂದು ವರ್ಷದ ಎದುರು ಕಣ್ಣು ನಿಂತಿತು. 1919. ಅಲ್ಲಿ ಒಂದಲ್ಲ, ಎರಡು ತಂಡಗಳ ಹೆಸರಿದೆ. ಮಾಂಟ್ರಿಯಲ್ ಕನೇಡಿಯನ್ಸ್, ಸಿಯಾಟಲ್ ಮೆಟ್ರೊಪಾಲಿಟನ್ಸ್. ಕೆಳಗೆ ‘ಸರಣಿ ಪೂರ್ಣಗೊಳ್ಳಲಿಲ್ಲ’ ಎಂಬ ಅರ್ಥದ ಮೂರು ಪದ. ಅಷ್ಟೇ.

ಸೆಮಿನಾರ್ ಸಿದ್ಧತೆ ಅಲ್ಲಿಗೇ ನಿಂತಿತು. ರಾತ್ರಿ ಒಂದು ಗಂಟೆಯವರೆಗೆ ಆ ಮೂರು ಪದಗಳ ಹಿಂದೆ ಬಿದ್ದೆ.

ಐದು ಪಂದ್ಯ, ಎರಡು ನಿಯಮ

ಆ ವರ್ಷದ ಫೈನಲ್ ಸರಣಿ ಪೂರ್ತಿ ಸಿಯಾಟಲ್‌ನಲ್ಲೇ. ಮಾಂಟ್ರಿಯಲ್ ತಂಡ ರೈಲಿನಲ್ಲಿ ಇಡೀ ಖಂಡವನ್ನು ದಾಟಿ ಬರಬೇಕಿತ್ತು. ಅದು 1917ರಲ್ಲಿ ಹುಟ್ಟಿದ ನ್ಯಾಷನಲ್ ಹಾಕಿ ಲೀಗ್, ಅಂದರೆ ಎನ್‌ಎಚ್‌ಎಲ್‌ನ ಚಾಂಪಿಯನ್. ಸಿಯಾಟಲ್ ತಂಡ ಪೆಸಿಫಿಕ್ ಲೀಗಿನ ಚಾಂಪಿಯನ್.

ಎರಡು ಲೀಗಿನ ನಿಯಮಗಳು ಬೇರೆ ಬೇರೆ. ಪೆಸಿಫಿಕ್ ಲೀಗಿನಲ್ಲಿ ತಂಡಕ್ಕೆ ಏಳು ಜನ. ‘ರೋವರ್’ ಎಂಬ ಏಳನೆಯವನು ಅಂಗಳದ ತುಂಬ ಓಡಾಡುತ್ತಿದ್ದ. ಎನ್‌ಎಚ್‌ಎಲ್‌ನಲ್ಲಿ ಆರೇ ಜನ. ಹಾಗಾಗಿ ಒಂದು ಪಂದ್ಯ ಅವರ ನಿಯಮ, ಮುಂದಿನ ಪಂದ್ಯ ಇವರ ನಿಯಮ ಎಂದು ಒಪ್ಪಂದ. ನಮ್ಮೂರ ಕ್ರಿಕೆಟ್‌ನಲ್ಲಿ ಎದುರು ಊರಿನವರು ಬಂದಾಗ ‘ನಮ್ಮ ಬಾಲಲ್ಲಿ ಒಂದು ಮ್ಯಾಚು, ನಿಮ್ಮ ಬಾಲಲ್ಲಿ ಒಂದು ಮ್ಯಾಚು’ ಎನ್ನುತ್ತಿದ್ದೆವಲ್ಲ, ಹಾಗೆ.

ಮಾರ್ಚ್ 19ರಂದು ಮೊದಲ ಪಂದ್ಯ. ಏಳು ಜನರ ಆಟ. ಸಿಯಾಟಲ್ 7–0 ಗೆದ್ದಿತು. ಎರಡನೆಯದು ಆರು ಜನರ ಆಟ. ಮಾಂಟ್ರಿಯಲ್ 4–2ರಿಂದ ಗೆದ್ದಿತು, ನಾಲ್ಕೂ ಗೋಲು ನ್ಯೂಸಿ ಲಲೋಂಡ್ ಒಬ್ಬನದೇ. ಮೂರನೆಯದರಲ್ಲಿ ಮತ್ತೆ ಏಳು ಜನ, ಸಿಯಾಟಲ್‌ಗೆ 7–2 ಜಯ. ಫ್ರಾಂಕ್ ಫಾಯ್‌ಸ್ಟನ್ ನಾಲ್ಕು ಗೋಲು ಹೊಡೆದ. ಸಿಯಾಟಲ್‌ನ ಇನ್ನೊಬ್ಬ ದೊಡ್ಡ ಆಟಗಾರ ಬರ್ನಿ ಮಾರಿಸ್ ಈ ಸರಣಿಯಲ್ಲಿ ಇರಲೇ ಇಲ್ಲ. 1917ರ ಫೈನಲ್‌ನಲ್ಲಿ 14 ಗೋಲು ಹೊಡೆದಿದ್ದವನು. ಮೊದಲ ಮಹಾಯುದ್ಧದ ಸೇನಾ ಸೇವೆಗೆ ಹಾಜರಾಗಲಿಲ್ಲ ಎಂಬ ಆರೋಪದ ಮೇಲೆ ಅಮೆರಿಕದ ಸೇನೆ ಅವನನ್ನು ಹಿಡಿದು ಒಳಗೆ ಹಾಕಿತ್ತು.

ನಾಲ್ಕನೆಯ ಪಂದ್ಯ ಮಾರ್ಚ್ 26ರಂದು. ಇಬ್ಬರೂ ಗೋಲು ಹೊಡೆಯಲಿಲ್ಲ. ಮಾಂಟ್ರಿಯಲ್ ಗೋಲಿ ಜಾರ್ಜ್ ವೆಜಿನಾ, ಸಿಯಾಟಲ್ ಗೋಲಿ ಹ್ಯಾಪ್ ಹೋಮ್ಸ್ ಇಬ್ಬರೂ ಗೋಡೆಯಂತೆ ನಿಂತರು. ಹೆಚ್ಚುವರಿ 20 ನಿಮಿಷ ಆಡಿದರೂ 0–0. ಕೊನೆಗೆ ಡ್ರಾ ಎಂದರು. ಆಗ ಈಗಿನಂತೆ ನಿಮಿಷಕ್ಕೊಮ್ಮೆ ಆಟಗಾರರನ್ನು ಬದಲಿಸುವ ಪದ್ಧತಿ ಇರಲಿಲ್ಲ. ಆರಂಭಿಸಿದವರೇ ಬಹುಪಾಲು ಕೊನೆಯವರೆಗೆ ಆಡಬೇಕು.

ಐದನೆಯ ಪಂದ್ಯವನ್ನು ನಾನು ಎರಡು ಸಲ ಓದಿದೆ. ಸಿಯಾಟಲ್ ಗೆದ್ದಿದ್ದರೆ ಕಪ್ ಅವರದು. ಎರಡು ಅವಧಿ ಮುಗಿದಾಗ ಅವರು 3–0 ಮುಂದೆ. ಅಲ್ಲಿಗೆ ಕಥೆ ಮುಗಿಯಬೇಕಿತ್ತು. ಆದರೆ ಮೂರನೇ ಅವಧಿಯಲ್ಲಿ ಮಾಂಟ್ರಿಯಲ್ ಒಂದೊಂದೇ ಗೋಲು ಹೊಡೆದು 3–3 ಮಾಡಿತು. ಹೆಚ್ಚುವರಿ ಸಮಯದಲ್ಲಿ ಸಿಯಾಟಲ್ ಆಟಗಾರರ ಕಾಲು ಸೋತಿತ್ತು. ಮಾಂಟ್ರಿಯಲ್‌ನ ಜ್ಯಾಕ್ ಮೆಕ್‌ಡೊನಾಲ್ಡ್ ನಾಲ್ಕನೆಯ ಗೋಲು ಹೊಡೆದ. 4–3.

ಲೆಕ್ಕ ನೋಡಿ. ಇಬ್ಬರಿಗೂ ಎರಡೆರಡು ಗೆಲುವು, ಒಂದು ಡ್ರಾ. ಒಟ್ಟು ಗೋಲು ಸಿಯಾಟಲ್ 19, ಮಾಂಟ್ರಿಯಲ್ 10. ಆದರೆ ಗೋಲಿನ ಮೊತ್ತದಿಂದ ಕಪ್ ಕೊಡುವುದಿಲ್ಲ, ಪಂದ್ಯ ಗೆಲ್ಲಬೇಕು. ಏಪ್ರಿಲ್ 1ರಂದು ನಿರ್ಣಾಯಕ ಪಂದ್ಯ ಎಂದು ನಿಗದಿಯಾಯಿತು.

ಐದನೆಯ ಪಂದ್ಯದಲ್ಲಿ ಇನ್ನೊಂದು ಸಂಗತಿ ನಡೆದಿತ್ತು. ಮಾಂಟ್ರಿಯಲ್‌ನ ಡಿಫೆನ್ಸ್ ಆಟಗಾರ ಜೋ ಹಾಲ್ ಮಧ್ಯದಲ್ಲೇ ಅಂಗಳ ಬಿಟ್ಟು ಹೊರಗೆ ಹೋಗಿದ್ದ. ಮೈ ಸುಡುವ ಜ್ವರ.

ಏಪ್ರಿಲ್ 1

ಅದು ಸ್ಪ್ಯಾನಿಷ್ ಫ್ಲೂ ಕಾಲ. ನಮ್ಮ ದೇಶಕ್ಕೆ ಅದು 1918ರಲ್ಲಿ ಮುಂಬೈ ಬಂದರಿನ ಮೂಲಕ ಬಂತು, ಕೋಟಿಗೂ ಹೆಚ್ಚು ಜನರನ್ನು ಕೊಂದಿತು. ನಮ್ಮ ಮೈಸೂರು ಸಂಸ್ಥಾನವನ್ನೂ ಬಿಡಲಿಲ್ಲ. ಸಿಯಾಟಲ್‌ನಲ್ಲಿ 1918ರ ಅಕ್ಟೋಬರ್‌ನಲ್ಲಿ ಶಾಲೆ, ಚರ್ಚು, ಥಿಯೇಟರ್ ಎಲ್ಲ ಮುಚ್ಚಿಸಿದ್ದರು. ಮಾಸ್ಕ್ ಇಲ್ಲದವರನ್ನು ಟ್ರಾಮ್‌ಗೆ ಹತ್ತಿಸುತ್ತಿರಲಿಲ್ಲ. ನವೆಂಬರ್‌ನಲ್ಲಿ ಯುದ್ಧ ಮುಗಿದಾಗ ನಿರ್ಬಂಧಗಳನ್ನು ತೆಗೆದರು. ಜನರಿಗೆ ಎಲ್ಲ ಮುಗಿಯಿತು ಎನ್ನಿಸಿತು. ಮುಗಿದಿರಲಿಲ್ಲ. 1919ರ ಆರಂಭದಲ್ಲಿ ಇನ್ನೊಂದು ಅಲೆ ಬಂತು.

‘ಅಲೆ’ ಎಂಬ ಈ ಪದ ಓದುವಾಗ ನನಗೆ ಮೈ ಜುಂ ಎಂದಿತು. ನಾವೂ ಹಾಗೇ ತಾನೆ? 2021ರ ಜನವರಿ 1ರಂದು ಪಿಯು ಕಾಲೇಜು ಮತ್ತೆ ತೆರೆದಾಗ ಎಲ್ಲ ಮುಗಿಯಿತು ಎಂದುಕೊಂಡು ಬೆಂಚಿನ ಮೇಲೆ ಕುಣಿದವರು ನಾವು.

ಏಪ್ರಿಲ್ 1ರ ಬೆಳಿಗ್ಗೆ ಮಾಂಟ್ರಿಯಲ್ ತಂಡದ ಹಲವರು ಹಾಸಿಗೆ ಹಿಡಿದಿದ್ದರು. ಲಲೋಂಡ್, ಹಾಲ್, ಮೆಕ್‌ಡೊನಾಲ್ಡ್, ಕುಟ್ಯೂರ್, ಬರ್ಲಿಂಗೆಟ್, ಜೊತೆಗೆ ತಂಡದ ಮಾಲೀಕ ಹಾಗೂ ಮ್ಯಾನೇಜರ್ ಜಾರ್ಜ್ ಕೆನಡಿ. ಆಡಲು ಬೇಕಾದಷ್ಟು ಜನರೇ ಉಳಿದಿರಲಿಲ್ಲ. ವಿಕ್ಟೋರಿಯಾ ತಂಡದಿಂದ ಆಟಗಾರರನ್ನು ಎರವಲು ಪಡೆಯುತ್ತೇವೆ ಎಂದು ಕೆನಡಿ ಕೇಳಿದ, ಒಪ್ಪಿಗೆ ಸಿಗಲಿಲ್ಲ. ಪಂದ್ಯಕ್ಕೆ ಐದಾರು ಗಂಟೆ ಇದೆ ಎನ್ನುವಾಗ ಆಟ ರದ್ದಾಯಿತು.

ಆಗ ಕೆನಡಿ, ನಾವು ಆಡಲಾರೆವು, ಕಪ್ ನೀವೇ ಇಟ್ಟುಕೊಳ್ಳಿ ಎಂದ. ನಿಯಮದ ಪ್ರಕಾರ ಸಿಯಾಟಲ್‌ಗೆ ಕಪ್ ಪಡೆಯಲು ಏನೂ ಅಡ್ಡಿ ಇರಲಿಲ್ಲ. ಐದನೆಯ ಪಂದ್ಯದಲ್ಲಿ ಕೈಗೆ ಬಂದದ್ದು ಜಾರಿ ಹೋಗಿತ್ತು, ಈಗ ತಾನಾಗಿಯೇ ಬಾಗಿಲಿಗೆ ಬಂದಿತ್ತು. ಒಟ್ಟು ಗೋಲಿನಲ್ಲೂ ಅವರೇ ಮುಂದೆ. ಅವರ ಮ್ಯಾನೇಜರ್ ಪೀಟ್ ಮಲ್ಡೂನ್ ಬೇಡ ಎಂದ. ಕಾಯಿಲೆ ಬಿದ್ದವರಿಂದ ಕಪ್ ತೆಗೆದುಕೊಳ್ಳಲು ಅವನು ಸಿದ್ಧನಿರಲಿಲ್ಲ.

ನಾಲ್ಕು ದಿನದ ನಂತರ, 1919ರ ಏಪ್ರಿಲ್ 5ರಂದು, ಜೋ ಹಾಲ್ ಸಿಯಾಟಲ್‌ನಲ್ಲೇ ತೀರಿಕೊಂಡ. ಫ್ಲೂ ನ್ಯುಮೋನಿಯಾಕ್ಕೆ ತಿರುಗಿತ್ತು. ವಯಸ್ಸು 37. ಇಂಗ್ಲೆಂಡಿನಲ್ಲಿ ಹುಟ್ಟಿ ಕೆನಡಾದ ಮ್ಯಾನಿಟೋಬಾದಲ್ಲಿ ಬೆಳೆದವನು. ಒರಟಾಗಿ ಆಡುತ್ತಾನೆಂದು ‘ಬ್ಯಾಡ್ ಜೋ’ ಎಂದು ಕರೆಯುತ್ತಿದ್ದರು. ಹಿಂದೆ ಕ್ವೆಬೆಕ್ ತಂಡದಲ್ಲಿದ್ದಾಗ ಲಲೋಂಡ್‌ಗೂ ಅವನಿಗೂ ಆಗುತ್ತಿರಲಿಲ್ಲ, ಅಂಗಳದಲ್ಲಿ ಸ್ಟಿಕ್ ಹಿಡಿದು ಹೊಡೆದಾಡಿಕೊಂಡವರು. ನಂತರ ಒಂದೇ ತಂಡಕ್ಕೆ ಬಂದಾಗ ಇಬ್ಬರೂ ಒಂದೇ ರೂಮಿನಲ್ಲಿ ಉಳಿಯುವಷ್ಟು ಸ್ನೇಹಿತರಾದರು. ಉಳಿದ ಆಟಗಾರರು ಗುಣವಾದರು. ಕೆನಡಿ ಮಾತ್ರ ಪೂರ್ತಿ ಚೇತರಿಸಿಕೊಳ್ಳಲಿಲ್ಲ, 1921ರಲ್ಲಿ ತೀರಿಕೊಂಡ. ಅವನ ನಂತರ ತಂಡ 11,000 ಡಾಲರ್‌ಗೆ ಮಾರಾಟವಾಯಿತು.

ಆ ವರ್ಷ ಕಪ್ ಯಾರಿಗೂ ಸಿಗಲಿಲ್ಲ. ಹಲವು ವರ್ಷ ಕಪ್ಪಿನ ಮೇಲೆ 1919ರ ಉಲ್ಲೇಖವೇ ಇರಲಿಲ್ಲ. 1948ರಲ್ಲಿ ಕಪ್ಪಿನ ವಿನ್ಯಾಸ ಬದಲಿಸಿದಾಗ ಆ ಸಾಲನ್ನು ಸೇರಿಸಿದರು. ಯಾರು ಗೆದ್ದರು ಎಂದು ಊಹಿಸಲಿಲ್ಲ. ಸರಾಸರಿ ತೆಗೆಯಲಿಲ್ಲ. ಜಂಟಿ ವಿಜೇತರು ಎಂದೂ ಬರೆಯಲಿಲ್ಲ. ನಡೆದದ್ದನ್ನು ನಡೆದ ಹಾಗೆ ಬರೆದರು.

ನನ್ನ ಆರನೆಯ ಪಂದ್ಯ

ಈಗ ನನ್ನ ವಿಷಯಕ್ಕೆ ಬರುತ್ತೇನೆ.

ಎಸ್ಸೆಸ್ಸೆಲ್ಸಿಯಲ್ಲಿ ನನಗೆ ಶೇ 82. ಪ್ರಥಮ ಪಿಯುಸಿಯಲ್ಲಿ ಶೇ 58. ಹೊಸ ಕಾಲೇಜು, ಹೊಸ ಮೊಬೈಲು, ತಿಪಟೂರು ಬಸ್ ಸ್ಟ್ಯಾಂಡಿನ ಹರಟೆ. ತಪ್ಪು ನನ್ನದೇ. ಅಂಕಪಟ್ಟಿ ನೋಡಿ ಅಪ್ಪ ಏನೂ ಬೈಯಲಿಲ್ಲ. ಕೊಬ್ಬರಿ ಸುಲಿಯುತ್ತಿದ್ದವರು ಒಮ್ಮೆ ತಲೆ ಎತ್ತಿ ನೋಡಿ ಮತ್ತೆ ಸುಲಿಯತೊಡಗಿದರು. ಬೈದಿದ್ದರೆ ಚೆನ್ನಾಗಿತ್ತು.

ಆಮೇಲೆ ಲಾಕ್‌ಡೌನ್. ನಮ್ಮ ಗಣಿತದ ಸರ್ ಮನೆಯ ಪಡಸಾಲೆಯ ಗೋಡೆಗೆ ಒಂದು ಕಪ್ಪು ಹಲಗೆ ಒರಗಿಸಿಕೊಂಡು ಪಾಠ ಮಾಡುತ್ತಿದ್ದರು. ಅವರ ಮನೆಯವರು ಮೊಬೈಲ್ ಹಿಡಿದು ವಿಡಿಯೊ ತೆಗೆಯುತ್ತಿದ್ದರು. ವಿಡಿಯೊದಲ್ಲಿ ಕುಕ್ಕರ್ ಕೂಗುವುದು ಕೇಳುತ್ತಿತ್ತು. ಅದನ್ನು ವಾಟ್ಸ್‌ಆ್ಯಪ್ ಗ್ರೂಪಿಗೆ ಹಾಕುತ್ತಿದ್ದರು. ನಮ್ಮ ಹಳ್ಳಿಯಲ್ಲಿ ನೆಟ್‌ವರ್ಕ್ ಸಿಗುವುದು ನೀರಿನ ಟ್ಯಾಂಕಿನ ಹತ್ತಿರ. ಅಲ್ಲಿ ಕೂತು ಡೌನ್‌ಲೋಡ್ ಮಾಡಿಕೊಂಡು ಮನೆಗೆ ಬಂದು ನೋಡುತ್ತಿದ್ದೆ. ಲೆಕ್ಕ ಬಿಡಿಸಿ ಫೋಟೊ ಕಳಿಸಿದರೆ ತಪ್ಪಿದ್ದಲ್ಲಿ ಕೆಂಪು ಗೆರೆ ಎಳೆದು ವಾಪಸ್ ಕಳಿಸುತ್ತಿದ್ದರು. ಒಮ್ಮೆ ರಾತ್ರಿ ಹನ್ನೊಂದಕ್ಕೆ ಕಳಿಸಿದ್ದೆ. ‘ಏನಪ್ಪಾ, ಈಗ ಎಚ್ಚರವಾಯ್ತಾ ನಿನಗೆ? ಪರವಾಗಿಲ್ಲ, ಲೇಟಾದ್ರೂ ಎದ್ದೆಯಲ್ಲ’ ಎಂದು ವಾಯ್ಸ್ ಮೆಸೇಜ್ ಬಂತು.

ನಿಜ, ನನಗೆ ಎಚ್ಚರವಾಗಿತ್ತು. ಆ ವರ್ಷ ನಾನು ಓದಿದಷ್ಟು ಹಿಂದೆ ಎಂದೂ ಓದಿರಲಿಲ್ಲ. 58 ಅಳಿಸಿ ಹೋಗುವ ಹಾಗೆ ಬರೆಯಬೇಕು ಎಂಬುದೊಂದೇ ಗುರಿ. ಪೂರ್ವಸಿದ್ಧತಾ ಪರೀಕ್ಷೆಗಳಲ್ಲಿ ಗಣಿತದಲ್ಲಿ ತೊಂಬತ್ತರ ಮೇಲೆ ಬರುತ್ತಿತ್ತು. 0–3 ಹಿಂದೆ ಇದ್ದವನು 3–3ಕ್ಕೆ ಬಂದಿದ್ದೆ.

ಮೇ 24ಕ್ಕೆ ಪರೀಕ್ಷೆ ಎಂದು ನಿಗದಿಯಾಗಿತ್ತು. ಎರಡನೇ ಅಲೆ ಬಂತು, ಪರೀಕ್ಷೆ ಮುಂದಕ್ಕೆ ಹೋಯಿತು. ಮೇ ತಿಂಗಳಲ್ಲೇ ನಮ್ಮ ಗಣಿತದ ಸರ್ ತೀರಿಕೊಂಡರು. ಗ್ರೂಪಿನಲ್ಲಿ ಅವರ ಕೊನೆಯ ವಿಡಿಯೊ ‘ಸಂಭವನೀಯತೆ, ಭಾಗ 1’. ಕೊನೆಯಲ್ಲಿ ಕೆಮ್ಮುತ್ತಾ ‘ಉಳಿದದ್ದು ನಾಳೆ’ ಎಂದಿದ್ದಾರೆ. ಭಾಗ 2 ಬರಲಿಲ್ಲ. ಅಂತ್ಯಕ್ರಿಯೆಗೆ ನಾವು ಯಾರೂ ಹೋಗುವಂತಿರಲಿಲ್ಲ.

ಜೂನ್ 4ರಂದು ಪರೀಕ್ಷೆ ರದ್ದು ಎಂಬ ಸುದ್ದಿ ಬಂತು. ಗ್ರೂಪಿನಲ್ಲಿ ಪಟಾಕಿ, ಕುಣಿಯುವ ಬೊಂಬೆಗಳು. ಅದೇ ಗ್ರೂಪು. ಸ್ವಲ್ಪ ಮೇಲೆ ಹೋದರೆ ಸರ್ ಫೋಟೊ, ‘ಓಂ ಶಾಂತಿ’. ನಾನು ಎರಡರಲ್ಲೂ ಏನೂ ಬರೆಯಲಿಲ್ಲ.

ಜುಲೈ 20ರಂದು ಫಲಿತಾಂಶ. ಎಸ್ಸೆಸ್ಸೆಲ್ಸಿ ಅಂಕಗಳಿಗೆ ಶೇ 45, ಪ್ರಥಮ ಪಿಯುಸಿಗೆ ಶೇ 45, ದ್ವಿತೀಯ ಪಿಯುಸಿಯ ಆಂತರಿಕ ಮೌಲ್ಯಮಾಪನಕ್ಕೆ ಶೇ 10 ಎಂಬ ಸೂತ್ರ. ರಾಜ್ಯದ ಆರು ಲಕ್ಷಕ್ಕೂ ಹೆಚ್ಚು ವಿದ್ಯಾರ್ಥಿಗಳೂ ಪಾಸ್. ನನಗೆ ಶೇ 73ರ ಆಸುಪಾಸು. ಅದರಲ್ಲಿ ಆ ಒಂದು ವರ್ಷದ ರಾತ್ರಿಗಳ ಪಾಲು ಹತ್ತರಲ್ಲಿ ಒಂದು. ಅಳಿಸಬೇಕೆಂದಿದ್ದ 58ರ ಪಾಲೇ ಅದಕ್ಕಿಂತ ನಾಲ್ಕೂವರೆ ಪಟ್ಟು.

ರದ್ದು ಮಾಡಿದ್ದು ತಪ್ಪು ಎಂದು ನಾನು ಹೇಳುತ್ತಿಲ್ಲ. ಸರ್ ಅವರನ್ನು ಕಳೆದುಕೊಂಡ ಮೇಲೆ ಹಾಗೆ ಹೇಳಲು ನನಗೆ ಬಾಯಿ ಬರುವುದಿಲ್ಲ. ಜ್ವರ ಬಂದವರನ್ನು ಅಂಗಳಕ್ಕೆ ಇಳಿಸಿ ಎಂದು ಯಾರು ಹೇಳಲಾದೀತು? ಇನ್ನೊಂದು ಸತ್ಯವನ್ನೂ ಹೇಳಬೇಕು. ಫಲಿತಾಂಶ ತೃಪ್ತಿ ಇಲ್ಲದವರು ಆಗಸ್ಟ್‌ನಲ್ಲಿ ಪರೀಕ್ಷೆ ಬರೆಯಬಹುದು ಎಂಬ ಅವಕಾಶ ಇತ್ತು. ನಾನು ಬರೆಯಲಿಲ್ಲ. ಆಗಸ್ಟ್ 28ರಿಂದ ಸಿಇಟಿ ಇತ್ತು, ಆ ವರ್ಷ ಎಂಜಿನಿಯರಿಂಗ್ ರ್‍ಯಾಂಕಿಗೆ ಸಿಇಟಿ ಅಂಕ ಮಾತ್ರ ಲೆಕ್ಕ. ಅದೊಂದು ಕಾರಣ. ಇನ್ನೊಂದು, ಸಂಭವನೀಯತೆಯ ಅಧ್ಯಾಯ ತೆರೆದರೆ ಕೆಮ್ಮು ಕೇಳುತ್ತಿತ್ತು.

ಎರಡು ಹೆಸರು, ಮೂರು ಪದ

ಗೆಳೆಯರೇ, ನಮ್ಮ ಬ್ಯಾಚಿನವರಿಗೆಲ್ಲ ಈ ಅನುಭವ ಆಗಿರುತ್ತದೆ. ಮದುವೆ ಮನೆಯಲ್ಲಿ ಮಾವಂದಿರು, ಸಂದರ್ಶನದಲ್ಲಿ ಎಚ್‌ಆರ್‌ಗಳು, ಒಂದೇ ಜೋಕು. ನಾವೂ ನಗುತ್ತೇವೆ. ಕೆಲವರು ಸಿಟ್ಟು ಮಾಡಿಕೊಳ್ಳುತ್ತಾರೆ. ಕೆಲವರು ಆ ಅಂಕಗಳನ್ನೇ ಹಿಡಿದುಕೊಂಡು ‘ಇದು ನನ್ನ ಸ್ವಂತ ದುಡಿಮೆ’ ಎಂದು ವಾದಿಸುತ್ತಾರೆ. ನನ್ನ ಒಬ್ಬ ಸ್ನೇಹಿತನಿಗೆ ಆ ಸೂತ್ರದಿಂದ ಲಾಭವಾಯಿತು, ಅವನಿಗೆ ಜೋಕು ಇನ್ನೂ ಜಾಸ್ತಿ ಚುಚ್ಚುತ್ತದೆ. ನಷ್ಟವಾದ ನನಗೂ ಚುಚ್ಚುತ್ತದೆ. ಇಬ್ಬರದೂ ಒಂದೇ ಕಷ್ಟ. ಮುಗಿಯದ ಆಟಕ್ಕೆ ಮುಗಿದ ಅಂಕ ಹಾಕಿಕೊಂಡು ತಿರುಗುತ್ತಿದ್ದೇವೆ.

1919ರ ಸಾಲು ನನಗೆ ಹಿಡಿಸಿದ್ದು ಇದಕ್ಕೇ. ಅದರಲ್ಲಿ ನೆಪ ಇಲ್ಲ, ಬಡಾಯಿ ಇಲ್ಲ, ನಾಚಿಕೆಯೂ ಇಲ್ಲ. ಇಬ್ಬರು ಇಲ್ಲಿಯವರೆಗೆ ಬಂದಿದ್ದರು, ಮುಂದೆ ಹೋಗಲು ಆಗಲಿಲ್ಲ. ಮಲ್ಡೂನ್ ಕಪ್ ಬೇಡ ಎಂದಿದ್ದರಿಂದ ಸಿಯಾಟಲ್ ದೊಡ್ಡದನ್ನೇ ಕಳೆದುಕೊಂಡಿತು. ಆ ತಂಡ ಮತ್ತೆ ಆ ಕಪ್ ಗೆಲ್ಲಲಿಲ್ಲ. 1924ರಲ್ಲಿ ತಂಡವೇ ಮುಚ್ಚಿತು. ಸಿಯಾಟಲ್ ನಗರಕ್ಕೆ ಎನ್‌ಎಚ್‌ಎಲ್ ತಂಡ ಬಂದದ್ದು 2021ರಲ್ಲಿ, ನಾನು ಪರೀಕ್ಷೆ ಬರೆಯದೆ ಪಾಸಾದ ವರ್ಷ. ಅವನು ಕಪ್ ತೆಗೆದುಕೊಂಡಿದ್ದರೆ ಯಾರೂ ಬೈಯುತ್ತಿರಲಿಲ್ಲ. ಆದರೆ ಅದು ಗೆದ್ದ ಕಪ್ ಆಗುತ್ತಿರಲಿಲ್ಲ, ಅದು ಅವನಿಗೆ ಗೊತ್ತಿತ್ತು.

ಒಂದು ಕೊರತೆ ಮಾತ್ರ ನನಗೆ ಕಾಣುತ್ತದೆ. ಆ ಸಾಲಿನಲ್ಲಿ ಜೋ ಹಾಲ್ ಹೆಸರಿಲ್ಲ. ಯಾಕೆ ಪೂರ್ಣಗೊಳ್ಳಲಿಲ್ಲ ಎಂಬುದು ಕಪ್ ನೋಡುವವರಿಗೆ ತಿಳಿಯುವುದಿಲ್ಲ. 1961ರಲ್ಲಿ ಅವನ ಹೆಸರನ್ನು ಹಾಕಿಯ ಹಾಲ್ ಆಫ್ ಫೇಮ್‌ಗೆ ಸೇರಿಸಿದರು ಎನ್ನುವುದು ಸಮಾಧಾನ. ನಮ್ಮ ಅಂಕಪಟ್ಟಿಯಲ್ಲೂ ನಮ್ಮ ಸರ್ ಹೆಸರಿಲ್ಲ. ‘ಪರೀಕ್ಷೆ ಬರೆಯದೇ ಪಾಸಾದವರು’ ಎಂಬ ಜೋಕಿನಲ್ಲಿ ನಾನು ನಕ್ಕಾಗ ನಾನು ಮರೆತದ್ದು ನನ್ನ 73ನ್ನಲ್ಲ, ಅವರನ್ನು. ಅದಕ್ಕೇ ಆ ನಗು ನನಗೆ ಅಷ್ಟು ಕಾಡಿದ್ದು.

ಸೆಮಿನಾರ್ ಚೆನ್ನಾಗಿಯೇ ಆಯಿತು. ಕೊನೆಯ ಸ್ಲೈಡಿನಲ್ಲಿ ಕಪ್ಪಿನ ಆ ಪಟ್ಟಿಯ ಚಿತ್ರ ಹಾಕಿದ್ದೆ. ಮೇಡಂ ‘ಇದಕ್ಕೂ ರೆಫ್ರಿಜರೇಷನ್‌ಗೂ ಏನು ಸಂಬಂಧ?’ ಎಂದರು. ಐಸ್ ಇದ್ದರೂ ಆಟ ನಿಂತದ್ದು ಹೇಗೆ ಎಂದು ಹೇಳಿದೆ. ಕ್ಲಾಸಿನಲ್ಲಿ ಅರ್ಧದಷ್ಟು ಜನ ನನ್ನದೇ ಬ್ಯಾಚು. ಯಾರೂ ಗಲಾಟೆ ಮಾಡಲಿಲ್ಲ.

ಆ ರಾತ್ರಿ ರೆಸ್ಯೂಮೆ ತೆರೆದು ಪಿಯುಸಿ ಸಾಲನ್ನು ತಿದ್ದಿದೆ. ಅಂಕವನ್ನು ಹಾಗೇ ಬಿಟ್ಟೆ. ಪಕ್ಕದಲ್ಲಿ ಸೇರಿಸಿದ್ದು ಇಷ್ಟೇ: ‘2021ರಲ್ಲಿ ಅಂತಿಮ ಪರೀಕ್ಷೆ ನಡೆಯಲಿಲ್ಲ, ಇದು ಹಿಂದಿನ ಅಂಕಗಳಿಂದ ಲೆಕ್ಕ ಹಾಕಿದ ಫಲಿತಾಂಶ.’ ಅದರ ಕೆಳಗೆ ನಾನೇ ಬರೆದ ಸಿಇಟಿಯ ರ್‍ಯಾಂಕು, ಬಿಇ ಸೆಮಿಸ್ಟರ್‌ಗಳ ಅಂಕಗಳು. ರೂಮ್‌ಮೇಟ್ ನೋಡಿ ‘ನಿನಗೆ ತಲೆ ಕೆಟ್ಟಿದೆಯಾ? ಕೇಳದೇ ಇರೋದನ್ನ ಯಾಕೋ ಹೇಳ್ತೀಯ?’ ಎಂದ. ಅವರು ಹೇಗೂ ಕೇಳುತ್ತಾರೆ, ನಾನೇ ಮೊದಲು ಹೇಳಿಬಿಡುತ್ತೇನೆ ಎಂದೆ.

ಹೋದ ತಿಂಗಳು ಇನ್ನೊಂದು ಸಂದರ್ಶನ. ಮೇಜಿನ ಆಚೆ ಒಬ್ಬ ಮೇಡಂ ಇದ್ದರು. ಆ ಸಾಲನ್ನು ಓದಿದರು. ನಗಲಿಲ್ಲ. ‘ಹಾಗಾದರೆ ಆ ವರ್ಷ ನೀವು ಏನು ಓದಿದಿರಿ?’ ಎಂದು ಕೇಳಿದರು. ಮೊದಲ ಸಲ ಯಾರೋ ಆ ಪ್ರಶ್ನೆ ಕೇಳಿದ್ದು. ನೀರಿನ ಟ್ಯಾಂಕು, ಕಪ್ಪು ಹಲಗೆ, ಕುಕ್ಕರ್ ಕೂಗು ಎಲ್ಲ ಹೇಳಿದೆ. ಅವರು ಒಂದು ಹಾಳೆ ಮುಂದಿಟ್ಟು ಸಂಭವನೀಯತೆಯ ಒಂದು ಲೆಕ್ಕ ಕೊಟ್ಟರು. ಬಿಡಿಸಿದೆ. ಒಂದು ಕಡೆ ತಪ್ಪಿತು, ನಾನೇ ಗಮನಿಸಿ ತಿದ್ದಿದೆ.

ಫಲಿತಾಂಶ ಇನ್ನೂ ಬಂದಿಲ್ಲ. ಬರದೆಯೂ ಇರಬಹುದು. ಆ ರಾತ್ರಿ ಹಾಸ್ಟೆಲಿನಲ್ಲಿ ಮೂರು ವರ್ಷದಿಂದ ಮುಟ್ಟದಿದ್ದ ವಿಡಿಯೊ ತೆರೆದು ಪೂರ್ತಿ ನೋಡಿದೆ. ‘ಉಳಿದದ್ದು ನಾಳೆ’ ಎಂಬಲ್ಲಿಗೆ ಮುಗಿಯಿತು. ಪುಸ್ತಕ ತೆಗೆದು ಭಾಗ 2ರ ಲೆಕ್ಕಗಳನ್ನು ಒಂದೊಂದಾಗಿ ಬಿಡಿಸತೊಡಗಿದೆ. ಕೆಂಪು ಗೆರೆಯನ್ನು ಈಗ ನಾನೇ ಎಳೆದುಕೊಳ್ಳಬೇಕು.